ನೀರು ಇಳಿಯುವ ಕಡೆ

ಶೃಂಗೇರಿಯಿಂದ ಹೊರಟು ಕೆರೆಕಟ್ಟೆ, ಎಸ್.ಕೆ. ಬಾರ್ಡರ್, ಕುದುರೆಮುಖ, ಸಂಸೆ ಹಾದು ಕಳಸ ಮುಟ್ಟುವ ಒಂದು ಹಗಲಿನ ದಾರಿ. ಜೀಪು ಓಡಿಸುತ್ತ ದಾರಿ ತೋರಿಸುವವರು ಕಳಸ ಸೀಮೆಯ ಹಿರಿಯರು. ಪಕ್ಕದಲ್ಲಿ ಕೂತವರು ದಾವಣಗೆರೆ ಸೀಮೆಯ ರೈತ ಮಹಿಳೆ. ಅವರ ಗದ್ದೆ ಇರುವುದು ಭದ್ರಾ ನಾಲೆಯ ಕೊನೆ ಭಾಗದಲ್ಲಿ. ದೀಪಾವಳಿ ಕಳೆದಿದೆ. ಗುಡ್ಡದ ಹುಲ್ಲು ಇನ್ನೂ ಒಣಗಿಲ್ಲ.

ಪ್ರವಾಸಿ: ಯಜಮಾನ್ರೇ, ಇವತ್ತು ಎಷ್ಟು ವ್ಯೂ ಪಾಯಿಂಟ್ ತೋರಿಸ್ತೀರಿ? ಮಕ್ಕಳು ದೊಡ್ಡ ಪಟ್ಟಿ ಬರೆದು ಕೊಟ್ಟಿದಾರೆ. ನಮ್ಮ ಕಡೆ ಕಟಾವಿಗೆ ಇನ್ನೂ ಎರಡು ವಾರ ಇದೆ, ಅಷ್ಟರಲ್ಲಿ ಹೋಗಿ ಬಾ ಅಂತ ಕಳಿಸಿದ್ರು.

ಮಾರ್ಗದರ್ಶಿ: ಪಟ್ಟಿ ಇರಲಿ. ಅದರಲ್ಲಿರೋದೆಲ್ಲ ದಾರಿಯಲ್ಲೇ ಸಿಗ್ತದೆ. ಆದ್ರೆ ನನ್ನದೊಂದು ಕ್ರಮ ಉಂಟು. ನಾನು ಕಣಿವೆ ತೋರಿಸೋದು ನೀರು ಹಿಡಿದು. ಯಾವ ನೀರು ಎಲ್ಲಿ ಹುಟ್ಟಿತು, ಯಾವ ಕಡೆ ಇಳೀತು, ಕೊನೆಗೆ ಯಾರ ಊರು ಮುಟ್ಟಿತು ಅಂತ. ಇಲ್ಲದೇ ಇದ್ರೆ ಎಲ್ಲ ಕಣಿವೆಯೂ ಒಂದೇ ಥರ ಕಾಣ್ತದೆ. ಎರಡು ಫೋಟೋ ತೆಗೆದ ಮೇಲೆ ನಿದ್ದೆ ಬರ್ತದೆ.

ಪ್ರವಾಸಿ: ಹಾಗಾದ್ರೆ ಪಕ್ಕದಲ್ಲಿ ಹರೀತಿರೋದು?

ಮಾರ್ಗದರ್ಶಿ: ತುಂಗೆ. ಬೆಳಿಗ್ಗೆ ಶೃಂಗೇರಿಯ ಮಠದ ಎದುರು ನೀವು ಮೀನಿಗೆ ಮಂಡಕ್ಕಿ ಹಾಕಿದ್ರಲ್ಲ, ಅದೇ ಹೊಳೆ. ನಾವೀಗ ಅವಳಿಗೆ ಎದುರಾಗಿ ಹೋಗ್ತಾ ಇದೇವೆ. ನೆಮ್ಮಾರು ದಾಟಿ ಕೆರೆಕಟ್ಟೆ ಮುಟ್ಟೋವರೆಗೆ ಈ ರಸ್ತೆಯೂ ಹೊಳೆಯೂ ಜೊತೆಯಾಗೇ ಇರ್ತವೆ. ನೋಡ್ತಾ ಇರಿ, ತಿರುವು ತಿರುವಿಗೂ ಹೊಳೆ ಸಣ್ಣದಾಗ್ತಾ ಹೋಗ್ತದೆ. ಮೊದಲು ಅಡಿಕೆ ತೋಟ, ಆಮೇಲೆ ಬರೀ ಕಾಡು, ಆಮೇಲೆ ಕಾಡಿನ ನಡುವೆ ಬಂಡೆ ಮೇಲೆ ಹಾರುವ ನೀರು.

ಪ್ರವಾಸಿ: ಇಷ್ಟು ದಟ್ಟ ಕಾಡಲ್ಲಿ ಬಿಸಿಲೇ ನೆಲಕ್ಕೆ ಬೀಳಲ್ಲ. ಅದೇನು, ಮೇಲೆ ಕೊಂಬೆ ಅಲ್ಲಾಡಿದ್ದು?

ಮಾರ್ಗದರ್ಶಿ: ಸ್ವಲ್ಪ ನಿಲ್ಲಿಸುವ. ಅಲ್ಲಿ, ಹಲಸಿನ ಎಡಕ್ಕೆ. ಮೈಯೆಲ್ಲ ಕಪ್ಪು, ಮುಖದ ಸುತ್ತ ಬೂದು ಕೇಸರ, ಬಾಲದ ತುದಿಯಲ್ಲಿ ಸಣ್ಣ ಕುಚ್ಚು. ಸಿಂಗಳೀಕ. ಪಶ್ಚಿಮ ಘಟ್ಟ ಬಿಟ್ಟರೆ ಪ್ರಪಂಚದಲ್ಲಿ ಇನ್ನೆಲ್ಲೂ ಈ ಜಾತಿ ಇಲ್ಲ. ಬಾಳೆಹಣ್ಣು ಚೀಲದಲ್ಲೇ ಇರಲಿ ಅಮ್ಮಾ, ದಯವಿಟ್ಟು ತೆಗೀಬೇಡಿ. ಇವು ಮರದಿಂದ ಮರಕ್ಕೆ ಹೋಗಿ ಬದುಕುವ ಪ್ರಾಣಿ. ತಿಂಡಿಯ ಆಸೆ ಹತ್ತಿದ್ರೆ ರಸ್ತೆಗೆ ಇಳೀತವೆ. ರಸ್ತೆಗೆ ಇಳಿದದ್ದು ಒಂದಲ್ಲ ಒಂದು ದಿನ ಚಕ್ರದಡಿ ಸಿಗ್ತದೆ.

ಪ್ರವಾಸಿ: ಇಲ್ಲ, ತೆಗೆಯಲ್ಲ. ಆ ಮರಿ ನೋಡಿ, ತಾಯಿ ಹೊಟ್ಟೆ ತಬ್ಬಿಕೊಂಡೇ ಜಿಗಿದುಬಿಡ್ತು!

ಮಾರ್ಗದರ್ಶಿ: ಮೇಲೆ ಕೊಂಬೆಗೆ ಕೊಂಬೆ ಕೂಡಿರೋವರೆಗೆ ಅದಕ್ಕೆ ದಾರಿ ಉಂಟು. ರಸ್ತೆ ಅಗಲ ಮಾಡುವಾಗ ಜನ ಮರದ ಲೆಕ್ಕ ಹೇಳ್ತಾರೆ, ಇಷ್ಟು ಕಡಿದು ಅಷ್ಟು ನೆಡ್ತೇವೆ ಅಂತ. ಸಿಂಗಳೀಕಕ್ಕೆ ಬೇಕಾದದ್ದು ಮರಗಳ ಲೆಕ್ಕ ಅಲ್ಲ, ಅವುಗಳ ನೆತ್ತಿ ಒಂದಕ್ಕೊಂದು ತಾಗೋದು. ನಡುವೆ ಆಕಾಶ ಬಿದ್ದರೆ ಈಚೆಯ ಗುಂಪು ಈಚೆ, ಆಚೆಯದು ಆಚೆ.

ಪ್ರವಾಸಿ: ಬೋರ್ಡಲ್ಲಿ ಎಸ್.ಕೆ. ಬಾರ್ಡರ್ ಅಂತಿದೆ. ಊರೇ ಕಾಣಲ್ಲ, ಬರೀ ಚೆಕ್‌ಪೋಸ್ಟು.

ಮಾರ್ಗದರ್ಶಿ: ಸೌತ್ ಕೆನರಾ ಜಿಲ್ಲೆಯ ಗಡಿ ಇತ್ತಲ್ಲ, ಆ ಕಾಲದ ಹೆಸರು ಹಾಗೇ ಉಳೀತು. ಈಗ ಆಚೆ ಉಡುಪಿ ಜಿಲ್ಲೆ. ಚೀಟಿ ಬರೆಸಿ ಬರ್ತೇನೆ. ರಾಷ್ಟ್ರೀಯ ಉದ್ಯಾನದೊಳಗೆ ಗಾಡಿ ಯಾವಾಗ ಹೊಕ್ಕಿತು ಅಂತ ಬರೀತಾರೆ, ಆಚೆ ಗೇಟಿನಲ್ಲಿ ನೋಡ್ತಾರೆ. ನಡುವೆ ಸುಮ್ಮನೆ ನಿಂತು ಅಡುಗೆ ಮಾಡೋದು, ಬಾಟಲಿ ಒಡೆಯೋದು ನಿಲ್ಲಲಿ ಅಂತ. ನನಗಂತೂ ಈ ಕಟ್ಟುಪಾಡು ಇನ್ನೂ ಬಿಗಿ ಆಗಬೇಕು ಅನ್ಸ್ತದೆ.

ಪ್ರವಾಸಿ: ಇಲ್ಲಿಂದ ಎರಡು ದಾರಿ ಒಡೀತವೆ.

ಮಾರ್ಗದರ್ಶಿ: ನೀರೂ ಇಲ್ಲೇ ಒಡೀತದೆ ಅಮ್ಮಾ, ಅದಕ್ಕೇ ನಿಮ್ಮನ್ನು ಗಾಡಿಯಿಂದ ಇಳಿಸಿದ್ದು. ಒಂದು ದಾರಿ ಮಾಳ ಘಾಟಿಯಲ್ಲಿ ಇಳಿದು ಬಜಗೋಳಿ, ಕಾರ್ಕಳಕ್ಕೆ. ಆ ಕಡೆಗೆ ಬಿದ್ದ ಮಳೆ ಸ್ವರ್ಣಾ ನದಿಗೆ ಸೇರ್ತದೆ. ಉಡುಪಿ ಪೇಟೆಯ ನಲ್ಲಿಯಲ್ಲಿ ಬರೋದು ಆ ನೀರೇ, ಬಜೆ ಅಣೆಕಟ್ಟಿನಿಂದ. ಇನ್ನೊಂದು ದಾರಿ ನಾವು ಹೋಗುವ ಕುದುರೆಮುಖದ್ದು. ಇದೇ ಬೆಟ್ಟದ ಸಾಲಿನಲ್ಲಿ ಗಂಗಾಮೂಲ ಉಂಟು. ತುಂಗೆ, ಭದ್ರೆ, ನೇತ್ರಾವತಿ ಮೂವರೂ ಅಲ್ಲಿಯೇ ಹುಟ್ಟಿದ್ದು ಅಂತ ಹಿಂದಿನಿಂದ ನಂಬಿಕೆ. ಗುಹೆ ಉಂಟು, ಭಗವತಿಯ ಗುಡಿ ಉಂಟು. ಅಪ್ಪಣೆ ಇಲ್ಲದೆ ಒಳಗೆ ಹೋಗುವ ಹಾಗಿಲ್ಲ.

ಪ್ರವಾಸಿ: ಮೂವರಲ್ಲಿ ನೇತ್ರಾವತಿ ಮಾತ್ರ ಪಶ್ಚಿಮಕ್ಕೆ ಹೋದಳು.

ಮಾರ್ಗದರ್ಶಿ: ಹೌದು. ಧರ್ಮಸ್ಥಳ, ಬಂಟ್ವಾಳ ಹಾದು ಮಂಗಳೂರಲ್ಲಿ ಸಮುದ್ರ. ನೆತ್ತಿಯ ಮೇಲೆ ಅಕ್ಕಪಕ್ಕ ಬಿದ್ದ ಮಳೆ ಯೋಚನೆ ಮಾಡಿ. ಒಂದು ಹನಿ ನೂರು ಕಿಲೋಮೀಟರ್ ಆಸುಪಾಸಿನಲ್ಲಿ ಅರಬ್ಬೀ ಸಮುದ್ರ ಸೇರಿ ಆಯ್ತು. ಇನ್ನೊಂದು ಭದ್ರೆಯಾಗಿ ಲಕ್ಕವಳ್ಳಿ ಅಣೆಕಟ್ಟಿನಲ್ಲಿ ತಡೆದು ನಿಂತು, ಕೂಡಲಿಯಲ್ಲಿ ಅಕ್ಕ ತುಂಗೆಯನ್ನು ಕೂಡಿ, ಹೊನ್ನಾಳಿ, ಹರಿಹರ, ಹೊಸಪೇಟೆ ದಾಟಿ, ಕೃಷ್ಣೆಯ ಜೊತೆ ಆಂಧ್ರದ ಕೊನೆವರೆಗೆ ಹೋಗಿ ಬಂಗಾಳ ಕೊಲ್ಲಿ ಮುಟ್ಟಬೇಕು.

ಪ್ರವಾಸಿ: ಯಾಕೆ ಹಾಗೆ? ಸಮುದ್ರ ಇಷ್ಟು ಹತ್ತಿರ ಇದ್ದೂ ಅಷ್ಟು ದೂರ ಯಾಕೆ ಹೋಗಬೇಕು?

ಮಾರ್ಗದರ್ಶಿ: ಹಿಂದೊಮ್ಮೆ ಭೂವಿಜ್ಞಾನದ ಮೇಷ್ಟ್ರೊಬ್ಬರನ್ನು ಕರ್ಕೊಂಡು ಬಂದಿದ್ದೆ, ಅವರು ಬಿಡಿಸಿ ಹೇಳಿದ್ರು. ಸುಮಾರು 9 ಕೋಟಿ ವರ್ಷದ ಹಿಂದೆ ಮಡಗಾಸ್ಕರ್ ನಮ್ಮ ನೆಲಕ್ಕೆ ಅಂಟಿಕೊಂಡಿತ್ತಂತೆ. ಅದು ಸೀಳಿ ಹೋದ ಮೇಲೆ ಪಶ್ಚಿಮದ ಅಂಚು ಎತ್ತರವಾಗಿ ಉಳೀತು, ನೆಲ ಪೂರ್ವಕ್ಕೆ ವಾಲಿತು. ಅದಕ್ಕೇ ಈ ಕಡೆಯ ಕಣಿವೆಗಳು ಅಗಲ, ಇಳಿಜಾರು ಸೌಮ್ಯ, ಹೊಳೆ ಬಳುಕಿ ಬಳುಕಿ ಹೋಗ್ತದೆ. ಆ ಕಡೆಯವು ಕಡಿದಾದ ಕಂದರ. ಅಲ್ಲಿಯ ಹೊಳೆಗಳಿಗೆ ರಭಸ ಜಾಸ್ತಿ, ಬುಡ ಕೊರೆದು ಕೊರೆದು ಬೆಟ್ಟವನ್ನು ನಮ್ಮ ಕಡೆಗೆ ತಿಂತಾ ಬರ್ತವೆ. ನೀವು ಒಂದೇ ದಿನ ಎರಡು ಥರದ ಕಣಿವೆ ನೋಡುವ ಜಾಗ ಇದು. ನನಗೆ ಇದಕ್ಕಿಂತ ದೊಡ್ಡ ವ್ಯೂ ಪಾಯಿಂಟ್ ಗೊತ್ತಿಲ್ಲ.

ಪ್ರವಾಸಿ: ಪಟ್ಟಿಯಲ್ಲಿ ಹನುಮನಗುಂಡಿ ಇದೆ. ಕದಂಬಿ ಅಂತ ಇನ್ನೊಂದು ಜಲಪಾತ.

ಮಾರ್ಗದರ್ಶಿ: ಹನುಮನಗುಂಡಿಗೆ ಮೆಟ್ಟಿಲು ಇಳೀಬೇಕು, ಇಳಿದು ಬನ್ನಿ, ಚೆನ್ನಾಗುಂಟು. ಪಾಚಿ ಕಟ್ಟಿದ ಬಂಡೆ ಮಾತ್ರ ಹತ್ತಬೇಡಿ. ಕದಂಬಿ ರಸ್ತೆ ಪಕ್ಕದಲ್ಲೇ. ಅಲ್ಲಿ ಎಲ್ಲರೂ ನಿಲ್ತಾರೆ, ನಾವೂ ನಿಲ್ಲುವ.

ಪ್ರವಾಸಿ: ಯಜಮಾನ್ರೇ, ಕಾಡು ಮುಗಿದೇ ಹೋಯ್ತಲ್ಲ! ಬರೀ ಹುಲ್ಲಿನ ಗುಡ್ಡ. ಗಣಿಯವರು ಕಡಿದುಬಿಟ್ರಾ?

ಮಾರ್ಗದರ್ಶಿ: ಹತ್ತರಲ್ಲಿ ಒಂಬತ್ತು ಮಂದಿ ಇದನ್ನೇ ಕೇಳ್ತಾರೆ. ಇಲ್ಲ ಅಮ್ಮಾ, ಇದು ಯಾರೂ ಕಡಿದದ್ದಲ್ಲ. ಈ ಹುಲ್ಲು ಈ ಬೆಟ್ಟದ್ದೇ. ಮೇಲೆ ಮಣ್ಣು ತೆಳು, ಅಡಿಯಲ್ಲಿ ಕಲ್ಲು, ಗಾಳಿ ಅಂದ್ರೆ ನಿಂತವರನ್ನು ದೂಡುವಂಥ ಗಾಳಿ. ಅಲ್ಲಿ ಮರ ನಿಲ್ಲೋದು ಕಷ್ಟ. ಗುಡ್ಡದ ಮಡಿಕೆಗಳನ್ನು ನೋಡಿ. ಎರಡು ಗುಡ್ಡ ಕೂಡುವ ಸಂದಿಯಲ್ಲೆಲ್ಲ ಕಡು ಹಸಿರು ಗೆರೆ ಇಳಿದಿದೆ. ಅದು ಶೋಲಾ ಕಾಡು. ತೊಳೆದು ಬಂದ ಮಣ್ಣು ಅಲ್ಲಿ ಸೇರ್ತದೆ, ತೇವ ನಿಲ್ತದೆ, ಗಾಳಿ ತಾಗೋದಿಲ್ಲ. ಹಾಗಾಗಿ ಕಾಡು ಎಲ್ಲೆಲ್ಲಿ ಉಂಟೋ ಅಲ್ಲೆಲ್ಲ ಕೆಳಗೆ ನೀರುಂಟು ಅಂತ ಕಣ್ಣು ಮುಚ್ಚಿ ಹೇಳಬಹುದು.

ಪ್ರವಾಸಿ: ಹಂಗಾದ್ರೆ ಹುಲ್ಲಿಗೇನು ಕೆಲಸ?

ಮಾರ್ಗದರ್ಶಿ: ದೊಡ್ಡ ಕೆಲಸ ಅದರದ್ದೇ. ಈ ಸಾಲಿನಲ್ಲಿ ವರ್ಷಕ್ಕೆ ಆರೇಳು ಸಾವಿರ ಮಿಲಿಮೀಟರ್ ಮಳೆ ಬೀಳುವ ಜಾಗಗಳುಂಟು. ಅಷ್ಟೂ ಬರಿ ನೆಲಕ್ಕೆ ಬಡಿದಿದ್ರೆ ಗುಡ್ಡವೇ ಕೊಚ್ಚಿ ಹೋಗ್ತಿತ್ತು. ಹುಲ್ಲಿನ ಬೇರು, ಅದರ ಕೆಳಗಿನ ಕಪ್ಪು ಮಣ್ಣು ನೆನೆಸಿದ ಕಂಬಳಿ ಹಾಗೆ ನೀರು ಹಿಡಿದಿಟ್ಟು, ಮಳೆ ನಿಂತ ಮೇಲೂ ತೊಟ್ಟಿಕ್ಕಿಸ್ತಾ ಇರ್ತದೆ. ಏಪ್ರಿಲ್‌ನಲ್ಲಿ ಬನ್ನಿ, ಗುಡ್ಡ ಒಣಗಿ ಬೂದು ಬಣ್ಣ ಆಗಿರ್ತದೆ, ಆದ್ರೆ ಶೋಲಾದೊಳಗೆ ಝರಿ ಹರೀತಾ ಇರ್ತದೆ. ಬೋಳು ಗುಡ್ಡ ಅಂತ ಜನ ಕರೆದದ್ದರಿಂದಲೇ ಇದಕ್ಕೆ ಕೆಡುಕಾದದ್ದು. ಬೋಳಿಗೆ ಹಸಿರು ಹೊದಿಸ್ತೇವೆ ಅಂತ ಒಂದು ಕಾಲದಲ್ಲಿ ಅಕೇಶಿಯ ತಂದು ನೆಟ್ಟರು. ರಸ್ತೆ ಪಕ್ಕ ಸಾಲಾಗಿ ಕಾಣ್ತದಲ್ಲ, ಅದು. ಅದರ ಕೆಳಗೆ ಈ ಹುಲ್ಲು ಸರಿಯಾಗಿ ಬೆಳೆಯೋದಿಲ್ಲ.

ಪ್ರವಾಸಿ: ನಮ್ಮ ಪೇಪರಲ್ಲಿ ಮಳೆಗಾಲ ಪೂರ್ತಿ ದಿನಾ ಬರುತ್ತೆ, ಭದ್ರಾ ಡ್ಯಾಂ ಇಷ್ಟು ಅಡಿ, ಒಳಹರಿವು ಇಷ್ಟು ಕ್ಯೂಸೆಕ್ ಅಂತ. 186 ಅಡಿ ಆದ್ರೆ ತುಂಬಿದ ಹಾಗೆ. ಚಿಕ್ಕಂದಿನಿಂದ ನಾನು ಮೊದಲು ಓದೋದೇ ಆ ಮೂಲೆ. ಆ ಒಳಹರಿವು ಅಂದ್ರೆ ಈ ಗುಡ್ಡ ಅಂತ ಗೊತ್ತೇ ಇರಲಿಲ್ಲ.

ಮಾರ್ಗದರ್ಶಿ: ನಿಮ್ಮ ನಾಲೆಯ ನೀರಿನ ತವರು ಇದೇ. ಹಾಗಾದ್ರೆ ಮುಂದಿನದು ನೀವು ಸರಿಯಾಗಿ ನೋಡಬೇಕು. ಆ ಎದುರಿನ ಗುಡ್ಡ, ಮೆಟ್ಟಿಲು ಮೆಟ್ಟಿಲಾಗಿ ಕತ್ತರಿಸಿದ್ದು, ಕೆಂಪಾಗಿ.

ಪ್ರವಾಸಿ: ಅದೇ ಗಣಿಯಾ?

ಮಾರ್ಗದರ್ಶಿ: ಅದೇ. 1976ರಲ್ಲಿ ಕಬ್ಬಿಣದ ಅದಿರಿನ ಕಂಪನಿ ಸ್ಥಾಪನೆ ಆಯ್ತು. ಇರಾನಿನ ದೊರೆ ಸಾಲ ಕೊಟ್ಟು ಅದಿರು ಕೊಳ್ತೇನೆ ಅಂತ ಒಪ್ಪಂದ ಮಾಡಿದ್ದ. ಅಷ್ಟರಲ್ಲಿ ಅಲ್ಲಿ ಕ್ರಾಂತಿ ಆಗಿ ದೊರೆಯೇ ಹೋದ. ಇಲ್ಲಿ ಕೆಲಸ ನಿಲ್ಲಲಿಲ್ಲ. ಈ ಅದಿರಿನಲ್ಲಿ ಕಬ್ಬಿಣದ ಅಂಶ ಕಡಿಮೆ, ಹಾಗಾಗಿ ಪುಡಿ ಮಾಡಿ, ನೀರಲ್ಲಿ ಕಲಸಿ, ಕಬ್ಬಿಣದ ಪುಡಿ ಬೇರೆ ಮಾಡಿ, 67 ಕಿಲೋಮೀಟರ್ ಕೊಳವೆಯಲ್ಲಿ ಘಟ್ಟ ಇಳಿಸಿ ಪಣಂಬೂರು ಬಂದರಿಗೆ ಕಳಿಸ್ತಿದ್ರು. ಮೂರು ಪಾಲು ಗುಡ್ಡ ಅಗೆದ್ರೆ ಬಂದರಿಗೆ ಹೋಗೋದು ಒಂದು ಪಾಲು.

ಪ್ರವಾಸಿ: ಉಳಿದ ಎರಡು ಪಾಲು?

ಮಾರ್ಗದರ್ಶಿ: ಅದನ್ನೇ ನಾನು ಬಂದವರಿಗೆಲ್ಲ ಹೇಳೋದು. ಲಕ್ಯಾ ಅಂತ ಒಂದು ಹೊಳೆ, ಭದ್ರೆಗೆ ಸೇರುವಂಥದ್ದು. ಅದರ ಕಣಿವೆಗೆ ಅಡ್ಡವಾಗಿ ಸುಮಾರು 100 ಮೀಟರ್ ಎತ್ತರದ ಒಡ್ಡು ಕಟ್ಟಿ, ಕಬ್ಬಿಣ ತೆಗೆದ ಮೇಲೆ ಉಳಿದ ಕೆಸರನ್ನೆಲ್ಲ ಅಲ್ಲಿ ತುಂಬಿದ್ರು. ವರ್ಷಗಟ್ಟಲೆ. ಒಂದು ಗುಡ್ಡ ಕರಗಿತು, ಒಂದು ಕಣಿವೆ ಮುಚ್ಚಿತು. ಒಳಗೆ ಹೋಗೋಕೆ ಅಪ್ಪಣೆ ಬೇಕು. ಆದ್ರೆ ಈ ಸೀಮೆಯ ಕಣಿವೆಗಳ ಹೆಸರು ಹೇಳುವಾಗ ನಾನು ಲಕ್ಯಾ ಕಣಿವೆಯನ್ನು ಬಿಡೋದಿಲ್ಲ. ಅದೂ ತುಂಗೆ, ಭದ್ರೆಯ ಕಣಿವೆ ಥರವೇ ಇತ್ತು. ಅಲ್ಲಿಯೂ ಶೋಲಾ ಇತ್ತು, ಝರಿ ಇತ್ತು.

ಪ್ರವಾಸಿ: ಯಜಮಾನ್ರೇ, ನಾನು ಒಂದು ಮಾತು ಕೇಳ್ತೀನಿ, ತಪ್ಪು ತಿಳೀಬೇಡಿ. ನಮ್ಮ ಟ್ರ್ಯಾಕ್ಟರ್ ಕಬ್ಬಿಣದ್ದು. ಈ ಜೀಪೂ ಕಬ್ಬಿಣದ್ದೇ. ಎಲ್ಲಿಂದಲೋ ಅಗೀಲೇಬೇಕಲ್ಲ?

ಮಾರ್ಗದರ್ಶಿ: ನ್ಯಾಯವಾದ ಮಾತು. ನಾನೇ ಕಳಸದಿಂದ ಇಲ್ಲಿಯ ಟೌನ್‌ಶಿಪ್ಪಿಗೆ ತರಕಾರಿ ಹೇರಿಕೊಂಡು ಬಂದು ಸಂಸಾರ ಸಾಗಿಸಿದವ. ಆಸ್ಪತ್ರೆ, ಶಾಲೆ, ಸಿನಿಮಾ ಎಲ್ಲ ಇತ್ತು ಇಲ್ಲಿ. ಸಂಬಳದ ದಿನ ಈ ರಸ್ತೆಯಲ್ಲಿ ಜಾತ್ರೆ. ಗಣಿ ನಿಂತಾಗ ನನ್ನ ವ್ಯಾಪಾರವೂ ನಿಂತಿತು. ಆದ್ರೂ ಹೇಳ್ತೇನೆ, ನಿಂತದ್ದು ಸರಿ. ಕಬ್ಬಿಣ ಬೇರೆ ಕಡೆಯೂ ಸಿಗ್ತದೆ. ಇಷ್ಟು ಮಳೆ ಬೀಳುವ ಜಾಗದಲ್ಲಿ, ಮೂರು ನದಿ ಹುಟ್ಟುವ ನೆತ್ತಿಯ ಮೇಲೆ ನೆಲ ಅಗೆದು ಬಿಟ್ರೆ ಮಣ್ಣು ಎಲ್ಲಿಗೆ ಹೋಗ್ತದೆ?

ಪ್ರವಾಸಿ: ಡ್ಯಾಮಿಗೆ.

ಮಾರ್ಗದರ್ಶಿ: ಭದ್ರೆಯ ಹೂಳನ್ನು ಅಳೆದು ನೋಡಿದ ವಿಜ್ಞಾನಿಗಳು ಹೇಳಿದ್ದೂ ಅದೇ. ಜಲಾನಯನದಲ್ಲಿ ಗಣಿಯ ಜಾಗ ಬಹಳ ಸಣ್ಣದು, ಹೊಳೆಯ ಹೂಳಿನಲ್ಲಿ ಅದರ ಪಾಲು ಬಹಳ ದೊಡ್ಡದು. ಮಳೆಗಾಲದಲ್ಲಿ ಭದ್ರೆ ಕೆಂಪಾಗಿ ಹರಿಯೋದನ್ನು ನಾನು ಕಣ್ಣಾರೆ ನೋಡಿದವ. 1987ರಲ್ಲಿ ಇದನ್ನು ರಾಷ್ಟ್ರೀಯ ಉದ್ಯಾನ ಅಂತ ಘೋಷಣೆ ಮಾಡಿದ್ರು. ಮುಂದೆ ಗಣಿಯ ವಿಷಯ ಸುಪ್ರೀಂ ಕೋರ್ಟಿಗೆ ಹೋಯ್ತು. ಕೊಡಗಿನ ಕೆ.ಎಂ. ಚಿಣ್ಣಪ್ಪ, ನಾಗರಹೊಳೆಯಲ್ಲಿ ರೇಂಜರ್ ಆಗಿದ್ದವರು, ಅವರ ಹೆಸರಲ್ಲೇ ಅರ್ಜಿ. 2002ರ ಅಕ್ಟೋಬರ್ 30ರಂದು ತೀರ್ಪು ಬಂತು. 2005ರ ಕೊನೆಗೆ ಗಣಿಗಾರಿಕೆ ಪೂರ್ತಿ ನಿಂತಿತು. 2012ರಲ್ಲಿ ಯುನೆಸ್ಕೊ ಪಶ್ಚಿಮ ಘಟ್ಟದ 39 ತಾಣಗಳನ್ನು ವಿಶ್ವ ಪರಂಪರೆ ಅಂತ ಸೇರಿಸಿತಲ್ಲ, ಅದರಲ್ಲಿ ಈ ಉದ್ಯಾನವೂ ಒಂದು.

ಪ್ರವಾಸಿ: ಈ ಮನೆಗಳೆಲ್ಲ ಹಾಗಾದ್ರೆ ಖಾಲಿಯಾ? ಕಿಟಕಿಯಲ್ಲಿ ಬಳ್ಳಿ ನುಗ್ಗಿದೆ.

ಮಾರ್ಗದರ್ಶಿ: ಹೆಚ್ಚಿನವು ಖಾಲಿ. ಕೆಲಸದವರು ಬೇರೆ ಬೇರೆ ಊರಿಗೆ ಹೋದ್ರು. ಇದನ್ನು ನೋಡಿ ಸಂತೋಷ ಪಡುವ ಮನುಷ್ಯ ನಾನಲ್ಲ. ಇಲ್ಲಿ ಹುಟ್ಟಿ ಶಾಲೆಗೆ ಹೋದ ಮಕ್ಕಳು ಈಗ ತಮ್ಮ ಮಕ್ಕಳನ್ನು ಕರ್ಕೊಂಡು ಬಂದು ಮನೆ ಹುಡುಕ್ತಾರೆ. ಇಂಥ ಲೈನು, ಇಂಥ ನಂಬರು ಅಂತ.

ಪ್ರವಾಸಿ: ಕಾಡೊಳಗೆ ಹಳ್ಳಿಗಳೂ ಇವೆಯಂತೆ. ಅವರನ್ನೂ ಎಬ್ಬಿಸ್ತಾರಾ?

ಮಾರ್ಗದರ್ಶಿ: ಇದ್ದಾರೆ. ಮಲೆಕುಡಿಯರು ಇದ್ದಾರೆ, ಗೌಡಲುಗಳು ಇದ್ದಾರೆ. ಉದ್ಯಾನ ಆಗೋ ಮುಂಚಿನಿಂದ ಇದ್ದವರು. ಕೆಲವರು ಪರಿಹಾರ ತಗೊಂಡು ಹೊರಗೆ ಬಂದ್ರು. ಮಕ್ಕಳ ಶಾಲೆಗೆ, ಬಾಣಂತಿಯನ್ನು ಆಸ್ಪತ್ರೆಗೆ ಸೇರಿಸಲಿಕ್ಕೆ ಅನುಕೂಲ ಆಯ್ತು ಅನ್ನುವವರು ಉಂಟು. ಕೆಲವರು ಬರೋದಿಲ್ಲ ಅಂತಾರೆ. ಬರೋ ಮನಸ್ಸಿದ್ದವರಿಗೆ ಸರಿಯಾದ ಜಮೀನು, ಸರಿಯಾದ ದುಡ್ಡು ಹೊತ್ತಿಗೆ ಸರಿಯಾಗಿ ಸಿಗಬೇಕು. ಬಾರದವರಿಗೆ 2006ರ ಅರಣ್ಯ ಹಕ್ಕು ಕಾಯ್ದೆ ಉಂಟು, ಅದು ಕಾಗದದಲ್ಲೇ ಉಳೀಬಾರದು. ರಸ್ತೆಯೂ ಇಲ್ಲ, ಕರೆಂಟೂ ಇಲ್ಲ, ಪರಿಹಾರವೂ ಇಲ್ಲ ಅಂತ ಕಾಯಿಸಿ ಕಾಯಿಸಿ ಎಬ್ಬಿಸೋದು ಅನ್ಯಾಯ. ಗಣಿಯನ್ನು ನಿಲ್ಲಿಸಿದ್ದು ಸರಿ ಅನ್ನುವ ಬಾಯಲ್ಲೇ ಇದನ್ನೂ ಹೇಳ್ತೇನೆ.

ಪ್ರವಾಸಿ: ಕುದುರೆಮುಖ ಶಿಖರಕ್ಕೆ ಹತ್ತುವವರು ಇಲ್ಲಿಂದಲೇ ಹೋಗೋದಾ?

ಮಾರ್ಗದರ್ಶಿ: ಸಂಸೆ, ಬಾಳೆಗಲ್ ಕಡೆಯಿಂದ ಮುಳ್ಳೋಡಿಗೆ ಹೋಗಿ ಅಲ್ಲಿಂದ ನಡಿಗೆ. 1,890 ಮೀಟರ್ ಮೇಲೆ ಎತ್ತರ. ವಾರದ ಕೊನೆಗೆ ಬೆಂಗಳೂರಿನ ಹುಡುಗರು ಬಸ್ಸುಗಟ್ಟಲೆ ಬರ್ತಿದ್ರು, ಹುಲ್ಲು ತುಳಿದು ತುಳಿದು ದಾರಿ ಕಾಲುವೆ ಆಯ್ತು, ಮಳೆ ನೀರು ಅದರಲ್ಲೇ ಕೊರೀತು. ಈಗ ಅರಣ್ಯ ಇಲಾಖೆ ದಿನಕ್ಕೆ ಇಷ್ಟೇ ಜನ ಅಂತ ಮಾಡಿದೆ. ಬೇಸಿಗೆಯಲ್ಲಿ ಬೆಂಕಿಯ ಭಯಕ್ಕೆ ನಿಲ್ಲಿಸ್ತಾರೆ. ನಾಲ್ಕು ಗಿರಾಕಿ ಕಡಿಮೆ ಆದ್ರೂ ಇದು ಇರಲಿ ಅಂತ ನಮ್ಮ ಜೀಪಿನವರಲ್ಲೂ ಬಹಳ ಜನ ಹೇಳ್ತಾರೆ.

ಪ್ರವಾಸಿ: ಟೀ ತೋಟ ಬಂತು.

ಮಾರ್ಗದರ್ಶಿ: ಸಂಸೆ. ಇಲ್ಲಿ ಕಡುಬು ತಿಂದು ಮುಂದೆ ಹೋಗುವ. ಭದ್ರೆ ಇಲ್ಲಿಂದ ಕಣಿವೆಯ ನಡುವೆ ಬಳಸಿಕೊಂಡು ಕಳಸಕ್ಕೆ ಬರ್ತಾಳೆ. ಕಳಸದ ಹತ್ತಿರ ಅಂಬಾತೀರ್ಥ ಅಂತ ಉಂಟು, ಹೊಳೆ ಬಂಡೆಗಳ ನಡುವೆ ಕಿರಿದಾಗಿ ನುಗ್ಗುವ ಜಾಗ. ದೊಡ್ಡದೊಂದು ಕಲ್ಲು, ಅದನ್ನು ಮಧ್ವಾಚಾರ್ಯರು ಒಂದೇ ಕೈಯಲ್ಲಿ ತಂದಿಟ್ಟರು ಅಂತ ಅಲ್ಲಿ ಸಂಸ್ಕೃತದಲ್ಲಿ ಕೆತ್ತಿದ್ದಾರೆ. ಹೊರನಾಡಿಗೆ ಹೋಗುವವರು ದಾಟುವ ಹೆಬ್ಬಾಳೆ ಸೇತುವೆ ಮಳೆ ಜೋರಾದಾಗ ಮುಳುಗಿ ಟಿ.ವಿ.ಯಲ್ಲಿ ಬರ್ತದಲ್ಲ, ಆ ನೀರೇ ನಿಮ್ಮ ಒಳಹರಿವು.

ಪ್ರವಾಸಿ: ಅದು ಮುಳುಗಿತು ಅಂದ್ರೆ ನಮ್ಮೂರಲ್ಲಿ ಖುಷಿ ಪಡ್ತಾರೆ, ನಿಮಗೆ ದಾರಿ ಬಂದ್ ಆಗಿರುತ್ತೆ ಅಂತ ಯೋಚನೆಯೇ ಬಂದಿರಲಿಲ್ಲ. ನಮ್ಮದು ಬಲದಂಡೆ ನಾಲೆಯ ಕೊನೆ. 71.5 ಟಿ.ಎಂ.ಸಿ. ಡ್ಯಾಂ ತುಂಬಿದ್ರೂ ನಮ್ಮ ತೂಬಿಗೆ ನೀರು ಬರುತ್ತೆ ಅನ್ನೋ ಗ್ಯಾರಂಟಿ ಇಲ್ಲ. ಮೇಲಿನವರು ನಾಲೆಗೆ ಪಂಪ್ ಇಡ್ತಾರೆ, ಅಡಿಕೆ ಹಾಕ್ಕೊಂಡಿದಾರೆ. ರಾತ್ರಿ ಕಾವಲು ಕೂತು ನೀರು ಇಳಿಸ್ಕೊಂಡು ಬರಬೇಕು. ಎಷ್ಟೋ ಸಲ ಕೊನೆ ಭಾಗದ ರೈತರು ರಸ್ತೆಗೆ ಇಳಿದಿದೀವಿ.

ಮಾರ್ಗದರ್ಶಿ: ಇದು ನನಗೆ ಹೊಸದು. ಇಲ್ಲಿಂದ ಕಳಿಸಿದ ನೀರು ಎಲ್ಲರಿಗೂ ಸಿಗ್ತದೆ ಅಂತಲೇ ತಿಳಿದಿದ್ದೆ.

ಪ್ರವಾಸಿ: ವಾಪಸ್ ಹೋಗೋಕೆ ಯಾವ ದಾರಿ ಹಿಡೀಲಿ?

ಮಾರ್ಗದರ್ಶಿ: ಭದ್ರೆಯ ಜೊತೆಗೇ ಹೋಗಿ. ಮಾಗುಂಡಿ, ಬಾಳೆಹೊನ್ನೂರು, ಅಲ್ಲಿಂದ ನರಸಿಂಹರಾಜಪುರ. ಖಾಂಡ್ಯದಲ್ಲಿ ಹೊಳೆ ದಂಡೆಗೆ ಮಾರ್ಕಾಂಡೇಶ್ವರನ ಗುಡಿ ಉಂಟು, ಹೊತ್ತಿದ್ದರೆ ನೋಡಿ. ಎನ್.ಆರ್. ಪುರದ ಹತ್ತಿರ ಹೊಳೆಯ ಓಟ ನಿಂತು ಹಿನ್ನೀರು ಆಗ್ತದೆ. ಅಲ್ಲಿ ಸ್ವಲ್ಪ ಗಾಡಿ ನಿಲ್ಲಿಸಿ. ಲಕ್ಕವಳ್ಳಿ ಅಣೆಕಟ್ಟು ಕಟ್ಟಿದಾಗ ಊರು, ಗದ್ದೆ, ತೋಟ ಮುಳುಗಿದವರು ಆ ಸುತ್ತಲಿನವರು. ಬೇಸಿಗೆಯಲ್ಲಿ ನೀರು ಇಳಿದಾಗ ಹಳೆಯ ಗದ್ದೆಯ ಬದುಗಳು ಎದ್ದು ಕಾಣ್ತವೆ.

ಪ್ರವಾಸಿ: ನಿಲ್ಲಿಸ್ತೀನಿ. ನಮ್ಮ ಭತ್ತಕ್ಕೆ ಆ ಗದ್ದೆಗಳ ಲೆಕ್ಕವೂ ಸೇರಬೇಕಲ್ಲ. ಯಜಮಾನ್ರೇ, ನೀವು ಒಂದು ಸಲ ನಮ್ಮ ಕಡೆ ಬನ್ನಿ. ಇವತ್ತು ನೀವು ತೋರಿಸಿದ್ರಿ, ನಾಲೆಯ ಮೇಲೆ ಕೊನೆವರೆಗೆ ನಾನು ಕರ್ಕೊಂಡು ಹೋಗ್ತೀನಿ.

ಮಾರ್ಗದರ್ಶಿ: ಯಾವಾಗ ಬರಲಿ?

ಪ್ರವಾಸಿ: ಬೇಸಿಗೆ ಬೆಳೆಗೆ ನೀರು ಬಿಡೋ ತಾರೀಖು ಕಾಡಾ, ಅಂದ್ರೆ ಅಚ್ಚುಕಟ್ಟು ಪ್ರಾಧಿಕಾರದ ಸಭೆಯಲ್ಲಿ ಗೊತ್ತಾಗುತ್ತೆ. ಸಾಮಾನ್ಯವಾಗಿ ಜನವರಿ. ಬಿಟ್ಟ ದಿನ ಬರಬೇಡಿ, ಅವತ್ತು ನಮ್ಮಲ್ಲಿ ಏನೂ ಇರಲ್ಲ. ನೀರು ನಮ್ಮ ತೂಬು ಮುಟ್ಟಿದ ದಿನ ಫೋನ್ ಮಾಡ್ತೀನಿ.